ಕಹಿ ಬಾವಿಯ ಠಾಣೆ

ಚಾಹ್ ತಲಖ್ ಠಾಣೆ, ಚಾಗಯ್ ಜಿಲ್ಲೆ, ಬಲೂಚಿಸ್ತಾನ
೧೬ ಜನವರಿ ೧೯೩೫

ಚಿರಂಜೀವಿ ಸೌಭಾಗ್ಯವತಿ ಸತ್ಯಮ್ಮನಿಗೆ ಸಂಗಪ್ಪನ ಆಶೀರ್ವಾದಗಳು.

ದೀಪಾವಳಿಗೆ ನೀನು ಬರೆದ ಪತ್ರ ಸಂಕ್ರಾಂತಿ ಮುಗಿದ ಮೇಲೆ ಕೈಸೇರಿತು. ನಡುವೆ ಎಲ್ಲಿ ಮಲಗಿತ್ತೋ ತಿಳಿಯದು. ಇದು ಎಂಥ ಊರು, ಯಾರ ರಾಜ್ಯ, ಕಲ್ಯಾಣದಲ್ಲಿ ಯಾವ ಕಡೆ ಮುಖ ಮಾಡಿ ನಿಂತರೆ ನನ್ನ ಕಡೆ ನೋಡಿದಂತಾಗುತ್ತದೆ ಎಂದು ಕೇಳಿದ್ದೀ. ಸೂರ್ಯ ಮುಳುಗುವ ಕಡೆ ತಿರುಗಿ ಸ್ವಲ್ಪ ಬಲಕ್ಕೆ ನೋಡು. ಅಲ್ಲಿದ್ದೇನೆ.

ಕ್ವೆಟ್ಟಾದಿಂದ ರೈಲು ನುಷ್ಕಿಗೆ ಬರುತ್ತದೆ. ನುಷ್ಕಿಯಿಂದ ಪಶ್ಚಿಮಕ್ಕೆ ಹಗಲೆಲ್ಲ ಓಡಿದರೂ ಕಿಟಕಿಯಲ್ಲಿ ಒಂದು ಮರ ಕಾಣುವುದಿಲ್ಲ. ನೋಕುಂಡಿಯಲ್ಲಿ ಹಳಿ ಮುಗಿಯುತ್ತದೆ. ಮುಂದೆ ಇರಾನಿನವರೆಗೆ ಹಳಿ ಇತ್ತಂತೆ, ಹೋಗುವವರಿಲ್ಲವೆಂದು ಕಿತ್ತುಹಾಕಿದ್ದಾರೆ. ನೋಕುಂಡಿಯಿಂದ ನಮ್ಮ ಠಾಣೆಗೆ ಒಂಟೆಯ ಮೇಲೆ ಬರಬೇಕು. ಉತ್ತರಕ್ಕೆ ಅಫಘಾನರ ನಾಡು, ಪಶ್ಚಿಮಕ್ಕೆ ಇರಾನು. ನಡುವೆ ಗೋಡೆಯಿಲ್ಲ, ಹೊಳೆಯಿಲ್ಲ, ಅಲ್ಲೊಂದು ಇಲ್ಲೊಂದು ಕಲ್ಲಿನ ಕಂಬ. ಗಾಳಿ ಬೀಸಿದರೆ ಕಂಬ ಮರಳಿನಲ್ಲಿ ಹೂತುಹೋಗುತ್ತದೆ. ಲೇವಿ ಎಂದು ಕರೆಯುವ ಇಲ್ಲಿಯದೇ ಬಲೂಚ್ ಸವಾರರಿದ್ದಾರೆ. ಅವರ ಜೊತೆ ಹೋಗಿ ಕಂಬ ಎಲ್ಲಿದೆಯೆಂದು ಹುಡುಕುವುದು, ಕುರಿ ಹೊಡೆದುಕೊಂಡು ಆಚೆಯಿಂದ ಈಚೆ ಬಂದವರನ್ನು ಬರೆದುಕೊಳ್ಳುವುದು, ಹಿಂದೆ ಕಳಿಸುವುದು, ಇವು ಮುನ್ಷಿಗಳಾದ ನಮ್ಮ ಕೆಲಸ. ಜಗಳವಾದರೆ ಕೋರ್ಟಿಲ್ಲ. ಅವರವರ ಹಿರಿಯರು ಕೂತು ತೀರ್ಮಾನ ಮಾಡುತ್ತಾರೆ, ಅದನ್ನು ನಾನು ಉರ್ದುವಿನಲ್ಲಿ ಬರೆದು ನಾಯಬ್ ತಹಸೀಲ್ದಾರರಿಗೆ ಕಳಿಸುತ್ತೇನೆ.

ಚಾಹ್ ಎಂದರೆ ಬಾವಿ, ತಲಖ್ ಎಂದರೆ ಕಹಿ. ಹೆದರಬೇಡ, ಹೆಸರಷ್ಟೇ ಕಹಿ. ನೀರಿಗೆ, ಊಟಕ್ಕೆ ಇಲ್ಲಿ ಯಾವ ಕೊರತೆಯೂ ಇಲ್ಲ. ಇಲ್ಲಿಯ ಇನ್ನೊಬ್ಬ ಮುನ್ಷಿ, ಹುಮನಾಬಾದಿನ ನಮ್ಮ ಪೀರ್ ಪಾಷಾ ಜೊತೆಗಿರುವಾಗ ನನಗೆ ಊರಿನಲ್ಲೇ ಇದ್ದಂತೆ ಅನಿಸುತ್ತದೆ. ಈ ಕೆಲಸಕ್ಕೆ ಕರೆಸಿಕೊಂಡವನೇ ಅವನು. ಕಲ್ಯಾಣದ ಜಾಗೀರಿನಲ್ಲಿ ಉರ್ದು ಪರೀಕ್ಷೆ ಪಾಸಾದವರು ಓಣಿಗೆ ನಾಲ್ಕು ಜನ ಖಾಲಿ ಕೂತಿದ್ದಾಗ ನನ್ನ ಹೆಸರು ಹೇಳಿದವನು ಅವನೊಬ್ಬನೇ. ನಿಮ್ಮ ತಂದೆಯವರ ಶಾಲೆಯಲ್ಲಿ ಕಲಿತ ಕನ್ನಡ ಅಕ್ಷರವನ್ನು ಅವನು ಇನ್ನೂ ಮರೆತಿಲ್ಲ. ನಿನ್ನ ಪತ್ರ ಬಂದರೆ ಮೇಲಿನ ಒಂದು ಸಾಲು ತಾನೇ ಓದುತ್ತೇನೆಂದು ಹಟ ಮಾಡುತ್ತಾನೆ.

ನೀನು ಇಲ್ಲಿಗೆ ಬರುವ ಮಾತು ಸದ್ಯಕ್ಕೆ ಬೇಡ. ಹೆಂಗಸರು ಇರುವ ಮನೆ ಇಲ್ಲಿಲ್ಲ. ಅವ್ವನನ್ನು ನೋಡಿಕೊ.

ನಿನ್ನ
ಸಂಗಪ್ಪ


ಕಲ್ಯಾಣ
೨೫ ಫೆಬ್ರವರಿ ೧೯೩೫

ಪೂಜ್ಯರಾದ ತಮ್ಮ ಪಾದಗಳಿಗೆ ಸತ್ಯಮ್ಮನ ಶರಣು.

ಪತ್ರ ಮುಟ್ಟಿತು. ಸೂರ್ಯ ಮುಳುಗುವ ಕಡೆ ನಿಂತು ಬಲಕ್ಕೆ ನೋಡಿದೆ. ಎದುರು ಮನೆಯ ಮಾಳಿಗೆ ಕಂಡಿತು. ಇರಲಿ.

ಮನೆಯಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ಭಾವನವರು ಜೋಳದ ರಾಶಿ ಮುಗಿಸಿದರು. ಅತ್ತೆಯವರು ಈಗ ಒಳಗಿನ ಕೋಣೆಯಲ್ಲೇ ಮಲಗುತ್ತಾರೆ, ಪಡಸಾಲೆಯಲ್ಲಿ ಚಳಿ. ಚಿಟಗುಪ್ಪದಿಂದ ವೈದ್ಯರು ಬಂದಿದ್ದರು, ಬಂದವರು ಎಲ್ಲರ ಕೈಯನ್ನೂ ನೋಡಿದರು. ಅತ್ತೆಯವರಿಗೆ ಒಂದು ಕಷಾಯ ಹೇಳಿದ್ದಾರೆ. ಚಿಂತೆ ಮಾಡುವಂಥದು ಏನೂ ಇಲ್ಲವೆಂದು ಬರೆಯಲು ಭಾವನವರು ಹೇಳಿದ್ದಾರೆ.

ಹೋದ ವಾರ ಪೀರ್ ಅಣ್ಣನ ಹೆಂಡತಿ ಗೌಹರ ಹುಮನಾಬಾದಿನಿಂದ ಬಂದು ನನ್ನ ಹತ್ತಿರ ಕೂತು ಹೋದಳು. ಅವಳಿಗೆ ಒಂದು ಕೊರಗು ಹತ್ತಿದೆ. ಪೀರ್ ಅಣ್ಣನ ಪತ್ರ ಬರುತ್ತದೆ, ಮಸೀದಿಯ ಮೌಲ್ವಿ ಸಾಹೇಬರು ಓದಿ ಹೇಳುತ್ತಾರೆ, ಆದರೆ ಮೊದಲಿನಂತೆ ಇಲ್ಲವಂತೆ. "ಅಕ್ಕಾ, ಕಚೇರಿ ಕಾಗದ ಓದಿದಂಗ ಅನಸ್ತದ. ಖೈರಿಯತ್ ಅದೀನಿ, ಅಮ್ಮಿಗಿ ಸಲಾಂ ಹೇಳು, ಇಷ್ಟ. ನನ್ನ ಮ್ಯಾಲೆ ಸಿಟ್ಟಾಗ್ಯಾರೇನು, ಅಣ್ಣಾರಿಗಿ ಒಂದ್ ಮಾತು ಕೇಳಿ ಬರೀರಿ ಅಂತ ಹೇಳು," ಎಂದಳು. ಅಕ್ಷರವೂ ಬೇರೆಯಾಗಿ ಕಾಣುತ್ತದೆಯಂತೆ. ಓದಲು ಬಾರದವಳು ಅಕ್ಷರದ ಮುಖ ಹೇಗೆ ಗುರುತಿಸಿದಳೋ. ನೀವೇ ಅವನನ್ನು ಒಂದು ಮಾತು ಕೇಳಿರಿ.

ನಿಮಗೆ ರಜೆ ಯಾವಾಗ ಸಿಗುತ್ತದೆ ಎಂದು ಅತ್ತೆಯವರು ಕೇಳುತ್ತಿದ್ದಾರೆ. ನಾನಾಗಿ ಕೇಳುತ್ತಿಲ್ಲ.

ಸತ್ಯಮ್ಮ


ಚಾಹ್ ತಲಖ್
೩ ಏಪ್ರಿಲ್ ೧೯೩೫

ಚಿ. ಸೌ. ಸತ್ಯಮ್ಮನಿಗೆ ಆಶೀರ್ವಾದಗಳು.

ಒಂದು ಒಳ್ಳೆಯ ಸುದ್ದಿ. ನನಗೆ ಕ್ವೆಟ್ಟಾ ಕಚೇರಿಗೆ ವರ್ಗವಾಗಿದೆ. ಮೇ ತಿಂಗಳ ಕೊನೆಯ ಹೊತ್ತಿಗೆ ಅಲ್ಲಿ ಹಾಜರಾಗಬೇಕು. ಕ್ವೆಟ್ಟಾ ಎಂದರೆ ದೊಡ್ಡ ಊರು, ಬೀದಿಯ ಎರಡೂ ಕಡೆ ಮರಗಳು, ಬೆಟ್ಟದಿಂದ ಇಳಿದು ಬರುವ ಸಿಹಿ ನೀರಿನ ಕಾಲುವೆಗಳು. ಅಲ್ಲಿ ಹಾಜರಾದ ಕೂಡಲೇ ಒಂದು ತಿಂಗಳ ರಜೆ ಕೊಡುತ್ತಾರೆ. ಅವ್ವನಿಗೆ ಹೇಳು, ಜೂನ್ ಮುಗಿಯುವುದರೊಳಗೆ ಬಂದು ಅವಳ ಕೈಯ ರೊಟ್ಟಿ ತಿನ್ನುತ್ತೇನೆ. ಹಿಂದೆ ಹೋಗುವಾಗ ನಿನ್ನನ್ನೂ ಕರೆದುಕೊಂಡು ಹೋಗುತ್ತೇನೆ.

ಗೌಹರ ಕೊರಗುವುದು ಬೇಡ. ಪೀರ್ ಪಾಷಾನಿಗೆ ಕೆಲಸ ಹೆಚ್ಚು, ಬರೆಯಲು ಪುರುಸೊತ್ತಿಲ್ಲ. ಸಿಟ್ಟು ಗಿಟ್ಟು ಏನೂ ಇಲ್ಲ.

ಸಂಗಪ್ಪ


ಕಲ್ಯಾಣ
೨೭ ಏಪ್ರಿಲ್ ೧೯೩೫

ಪೂಜ್ಯರಿಗೆ ಶರಣು.

ನಿಮ್ಮ ಪತ್ರವನ್ನು ಓಣಿಯ ಎಲ್ಲರಿಗೂ ಓದಿ ಹೇಳಿದ್ದಾಯಿತು. ಅತ್ತೆಯವರ ಕಿವಿಯ ಹತ್ತಿರ ಬಾಯಿಟ್ಟು ಎರಡು ಸಲ ಹೇಳಿದೆ. ನನ್ನ ಕೈ ಹಿಡಿದುಕೊಂಡರು. ಗಟ್ಟಿಯಾಗಿದ್ದಾರೆ, ನೀವು ಕೆಲಸದ ಕಡೆ ಲಕ್ಷ್ಯ ಕೊಡಿ ಎಂದು ಬರೆ ಅಂದವರು ಭಾವನವರು, ಪಕ್ಕದಲ್ಲೇ ಕೂತಿದ್ದಾರೆ.

ನಿಮ್ಮ ಅಂಗಿಗೆಂದು ಬಟ್ಟೆ ತೆಗೆದಿಟ್ಟಿದ್ದೇನೆ. ಮೈ ಅಳತೆ ಬದಲಾಗಿದ್ದರೆ ಬಂದ ಮೇಲೆ ಹೊಲಿಸಿದರಾಯಿತು. ಹಾಜರಾದ ದಿನವೇ ರಜೆಗೆ ಬರೆಯಿರಿ. ಒಂದು ದಿನವೂ ತಡ ಮಾಡಬೇಡಿ.

ಸತ್ಯಮ್ಮ


ಚಾಹ್ ತಲಖ್
೨೦ ಮೇ ೧೯೩೫

ಸತ್ಯಮ್ಮನಿಗೆ ಆಶೀರ್ವಾದಗಳು.

ಈ ಪತ್ರ ಓದಿ ನೀನು ಸಿಟ್ಟಾಗುತ್ತೀ. ನಾನು ಕ್ವೆಟ್ಟಾಕ್ಕೆ ಹೋಗುತ್ತಿಲ್ಲ. ನನ್ನ ಬದಲಿಗೆ ಪೀರ್ ಪಾಷಾ ಹೋಗುತ್ತಿದ್ದಾನೆ. ಪತ್ರವನ್ನು ಅವನ ಕೈಯಲ್ಲೇ ಕೊಡುತ್ತಿದ್ದೇನೆ, ದಾರಿಯಲ್ಲಿ ಟಪಾಲಿಗೆ ಹಾಕುತ್ತಾನೆ.

ಅವನ ಕಣ್ಣು ಹೋಗುತ್ತಿದೆ, ಸತ್ಯಮ್ಮ. ಗೌಹರಳಿಗೆ ತಿಳಿಸಬಾರದೆಂದು ಆಣೆ ಹಾಕಿಸಿಕೊಂಡಿದ್ದ, ಅದಕ್ಕೇ ನಿನಗೂ ಹೇಳಲಿಲ್ಲ. ಈ ಮರಳಿನ ಗಾಳಿಗೆ ಹೋದ ವರ್ಷವೇ ಕೆಂಪಾಗಿದ್ದವು, ಈಗ ಬೆಳಿಗ್ಗೆ ರೆಪ್ಪೆ ಅಂಟಿಕೊಂಡು ಬಿಡಿಸಲು ಬರುವುದಿಲ್ಲ. ಅವನ ಹೆಸರಿನ ಪತ್ರಗಳನ್ನು ನಾನೇ ಬರೆಯುತ್ತಿದ್ದೆ, ಅವನು ಹೇಳಿದಂತೆ. ಹೇಳಿದಂತೆ ಎಂದರೆ ಪೂರ್ತಿ ಅಲ್ಲ. ಹೆಂಡತಿಗೆ ಅವನು ಹೇಳುವ ಮಾತುಗಳನ್ನು ಬರೆಯಲು ನನ್ನ ಕೈ ನಾಚುತ್ತಿತ್ತು. ಮೌಲ್ವಿ ಸಾಹೇಬರು ಓದುತ್ತಾರಲ್ಲ ಎಂದು ಬಿಟ್ಟುಬಿಡುತ್ತಿದ್ದೆ.

ಮೊನ್ನೆ ಚಾ ಕುಡಿಯುತ್ತಾ ಕೂತಾಗ ಅವನು ಹೇಳಿದ: "ಸಂಗಪ್ಪಾ, ನಿನ್ನ ಮಾರಿ ನನಗ ಹೊಗಿಯಾಗ ನಿಂತಂಗ ಕಾಣಾಕತ್ತದ. ಕ್ವೆಟ್ಟಾದಾಗ ಕಣ್ಣಿನ ದವಾಖಾನಿ ಅದ ಅಂತ. ನೀ ಹೋದಮ್ಯಾಲ ಅಲ್ಲಿ ಕೇಳಿ ಬರಿ, ನಾ ಬರಬಹುದೇನು ಅಂತ."

ನಾನು ಹೋದರೆ ಅವನು ಹೊರಡಲು ಆಗುವುದಿಲ್ಲ. ಠಾಣೆಯಲ್ಲಿ ಒಬ್ಬ ಮುನ್ಷಿ ಇರಲೇಬೇಕು. ಬದಲಿ ಮುನ್ಷಿಯನ್ನು ಕಳಿಸುತ್ತೇವೆಂದು ಹೇಳುತ್ತಲೇ ಇದ್ದಾರೆ, ಈ ಬಿಸಿಲಿಗೆ ಯಾರೂ ಬರುವುದಿಲ್ಲ. ನಾಯಬ್ ತಹಸೀಲ್ದಾರರು ತಪಾಸಣೆಯ ದೌರೆಗೆ ಬಂದಿದ್ದರು. ಅವರಿಗೆ ಹೇಳಿದೆ. ಹೊಸ ವರ್ಗದ ಹುಕುಂ ತರಿಸಲು ಎರಡು ತಿಂಗಳು ಬೇಕು, ನಿನ್ನ ಹುಕುಮಿನ ಮೇಲೆಯೇ ಅವನು ಹೋಗಲಿ, ಹೆಸರನ್ನು ಆಮೇಲೆ ಕ್ವೆಟ್ಟಾದಲ್ಲಿ ತಿದ್ದಿಸಿದರಾಯಿತು ಎಂದರು. ಪೀರ್ ಪಾಷಾ ಒಲ್ಲೆನೆಂದ. ಬೈದು ಒಪ್ಪಿಸಿದೆ.

ಅವ್ವನಿಗೆ ಮೈ ಸರಿಯಿಲ್ಲದಿದ್ದರೆ ನಾನು ಯಾರ ಮಾತನ್ನೂ ಕೇಳುತ್ತಿರಲಿಲ್ಲ. ಗಟ್ಟಿಯಾಗಿದ್ದಾಳೆಂದು ನೀನೇ ಬರೆದಿದ್ದೀ. ಇನ್ನೆರಡು ತಿಂಗಳು ಕಾಯುತ್ತಾಳೆ. ನೀನೂ ಕಾಯು.

ಸಂಗಪ್ಪ


ಕಲ್ಯಾಣ
೨೪ ಜೂನ್ ೧೯೩೫

ಚಾಹ್ ತಲಖ್ ಠಾಣೆಯ ಮುನ್ಷಿ ಪೀರ್ ಪಾಷಾ ಅಣ್ಣನಿಗೆ ತಂಗಿ ಸತ್ಯಮ್ಮ ಬರೆಯುವುದು.

ಅಪ್ಪನ ಶಾಲೆಯಲ್ಲಿ ನೀನು ಕಲಿತ ಅಕ್ಷರ ಇದಕ್ಕಾದರೂ ಒದಗಲಿ. ದೊಡ್ಡದಾಗಿ, ಬಿಡಿಸಿ ಬಿಡಿಸಿ ಬರೆಯುತ್ತಿದ್ದೇನೆ. ಯಾರ ಕೈಯಲ್ಲೂ ಓದಿಸಬೇಡ, ನೀನೇ ಓದು.

ನಿನ್ನ ಗೆಳೆಯರು ಹೋದರು. ಕ್ವೆಟ್ಟಾದ ಕಚೇರಿಯಿಂದ ತಾರು ಗುಲ್ಬರ್ಗಾಕ್ಕೆ ಬಂದು ಅಲ್ಲಿಂದ ಟಪಾಲಿನಲ್ಲಿ ಕಲ್ಯಾಣಕ್ಕೆ ಬಂತು. ಭೂಕಂಪದಲ್ಲಿ ಮುನ್ಷಿ ಸಂಗಪ್ಪ, ಊರು ಕಲ್ಯಾಣ, ಮೃತರಾದರು ಎಂದು ಅದರಲ್ಲಿದೆ. ಹೇಗೆ, ಎಲ್ಲಿ, ಮಣ್ಣು ಮಾಡಿದರೋ ಇಲ್ಲವೋ ಒಂದೂ ಇಲ್ಲ. ಭಾವನವರು ಎರಡು ಸಲ ಪತ್ರ ಹಾಕಿಸಿದರು, ಉತ್ತರವಿಲ್ಲ. ಹೋಗಿ ಬರುತ್ತೇನೆಂದರು, ಆ ಊರಿನೊಳಗೆ ಯಾರನ್ನೂ ಬಿಡುತ್ತಿಲ್ಲವಂತೆ, ಸುತ್ತ ಪಲ್ಟಣದವರು ನಿಂತಿದ್ದಾರಂತೆ.

ಅಣ್ಣ, ನಿನ್ನನ್ನು ಬಿಟ್ಟು ಕೇಳುವವರು ನನಗೆ ಯಾರೂ ಇಲ್ಲ. ಅವರು ಠಾಣೆಯಿಂದ ಯಾವ ದಿನ ಹೊರಟರು? ನಿನಗೆ ಕ್ವೆಟ್ಟಾದಿಂದ ಏನಾದರೂ ಬರೆದಿದ್ದರೇ? ಯಾವ ಮನೆಯಲ್ಲಿ ಇಳಿದಿದ್ದರು? ನೀನು ಹೋಗಿ ನೋಡಲಾದರೆ ನೋಡು. ಅವರ ಎದೆಯ ಮೇಲೆ ಲಿಂಗ ಇರುತ್ತದೆ, ಅದರಿಂದ ಗುರುತು ಸಿಗುತ್ತದೆ.

ಇನ್ನೊಂದು ಮಾತು. ಅತ್ತೆಯವರು ಮೇ ತಿಂಗಳ ಮೊದಲಲ್ಲೇ ಲಿಂಗೈಕ್ಯರಾದರು. ಮಹಾಶಿವರಾತ್ರಿಯಿಂದಲೇ ನಾಲಿಗೆ ಬಿದ್ದು ಮಾತು ನಿಂತಿತ್ತು. ಮಗನಿಗೆ ತಿಳಿಸೋಣ ಎಂದು ನಾನು ಅಂದಾಗಲೆಲ್ಲ ಭಾವನವರು, "ಅಂವ ಕೆಲಸ ಬಿಟ್ಟು ಓಡಿ ಬರ್ತಾನ, ಬ್ಯಾಡ," ಎಂದರು. ಇನ್ನೇನು ಬರುತ್ತಾರಲ್ಲ, ಮುಖ ನೋಡಿ ಹೇಳಿದರಾಯಿತು ಎಂದು ನಾನೂ ಸುಮ್ಮನಾದೆ. ತಾಯಿ ಇದ್ದಾಳೆಂದೇ ತಿಳಿದು ಹೋದರು.

ತಾಳಿ ತೆಗೆಯಬೇಡಿರೆಂದು ಹಟ ಮಾಡಿದೆ. ಮಠದ ಅಯ್ಯನವರು ಬಂದು ಸಮಾಧಾನ ಹೇಳಿದರು. ಸರ್ಕಾರದ ಕಾಗದಕ್ಕೆ ಎದುರಾಗಿ ನಾನು ಏನು ಹೇಳಲಿ. ಬಳೆ ಒಡೆಯುವಾಗ ನಿನ್ನ ಗೌಹರಳೇ ನನ್ನ ಕೈ ಹಿಡಿದು ಕೂತಿದ್ದಳು. ಸುದ್ದಿ ಕೇಳಿ ಹುಮನಾಬಾದಿನಿಂದ ಬಂದವಳು ಹೋಗಿಯೇ ಇಲ್ಲ, ನನ್ನ ಬಾಯಿಗೆ ತುತ್ತಿಡುತ್ತಿದ್ದಾಳೆ. ಈಗ ಪಕ್ಕದಲ್ಲೇ ಇದ್ದಾಳೆ. ಅವಳು ಹೇಳಿದ್ದನ್ನು ಹಾಗೇ ಬರೆಯುತ್ತೇನೆ: "ನೌಕರಿ ಸಾಕು. ಅಲ್ಲಿ ಒಬ್ಬರೇ ಇರಬ್ಯಾಡ್ರಿ. ಸಿಟ್ಟಿದ್ರ ಮನಿಗಿ ಬಂದು ಸಿಟ್ಟ ಮಾಡ್ರಿ. ಅಲ್ಲಾ ನಿಮ್ಮನ್ನ ಉಳಿಸ್ಯಾನ."

ನಿನ್ನ ತಂಗಿ
ಸತ್ಯಮ್ಮ


ಚಾಹ್ ತಲಖ್
೧೭ ಜುಲೈ ೧೯೩೫

ಸತ್ಯಮ್ಮಾ, ನಾನು ಸಂಗಪ್ಪ. ಬದುಕಿದ್ದೇನೆ. ಇದು ನನ್ನದೇ ಅಕ್ಷರ, ನೋಡು.

ನೀನು ಪೀರ್ ಪಾಷಾನಿಗೆ ಬರೆದ ಪತ್ರವನ್ನು ನಾನು ಓದಿದೆ. ಅವನ ಹೆಸರಿನ ಟಪಾಲು ಬಿಚ್ಚುವವನು ನಾನೇ ಅಲ್ಲವೇ. ಅವನ ಕೈಯಲ್ಲಿ ಕಳಿಸಿದ್ದ ನನ್ನ ಪತ್ರ ನಿನಗೆ ಮುಟ್ಟಿಲ್ಲವೆಂದು ಅದರಿಂದ ತಿಳಿಯಿತು. ಹೋದದ್ದು ನಾನಲ್ಲ, ಅವನು. ಅವನ ಕಣ್ಣು ಹೋಗುತ್ತಿತ್ತು, ದವಾಖಾನೆಗೆಂದು ನನ್ನ ಹುಕುಮಿನ ಮೇಲೆ ನಾನೇ ಬೈದು ಕಳಿಸಿದೆ.

ಅವ್ವ ಹೋದದ್ದನ್ನೂ ಆ ಪತ್ರದಲ್ಲೇ ಓದಿದೆ. ಅದರ ಮಾತು ಈಗ ಆಡಲಾರೆ.

ಜೂನ್ ಮೊದಲ ವಾರದಿಂದ ರೈಲು ಬರಲಿಲ್ಲ. ಯಾಕೆಂದು ಹೇಳುವವರೂ ಇರಲಿಲ್ಲ. ಇಲ್ಲಿ ನೀರಿಗೆ ಕೊರತೆಯಿಲ್ಲವೆಂದು ಬರೆಯುತ್ತಿದ್ದೆ, ಅದು ಸುಳ್ಳು. ಈ ಬಾವಿಯ ನೀರು ಒಂಟೆ ಬಿಟ್ಟು ಯಾರೂ ಕುಡಿಯುವುದಿಲ್ಲ. ನಮ್ಮ ನೀರು ರೈಲಿನ ಟಾಂಕಿಯಲ್ಲಿ ನೋಕುಂಡಿಗೆ ಬಂದು, ಅಲ್ಲಿಂದ ತೊಗಲಿನ ಚೀಲದಲ್ಲಿ ಒಂಟೆಯ ಮೇಲೆ ಬರುತ್ತದೆ. ಚೀಲಗಳು ಖಾಲಿಯಾದ ಮೇಲೆ ಕಹಿ ನೀರನ್ನೇ ಕಾಸಿ ಕುಡಿದೆವು. ಹೊಟ್ಟೆ ಹಿಡಿದುಕೊಂಡು ಸವಾರರು ಒಬ್ಬೊಬ್ಬರೇ ಮಲಗಿದರು. ಅಡಿಗೆಯವನು ಸತ್ತ. ಅವನನ್ನು ಹೂಳಲು ನಾಲ್ಕು ಜನ ಎದ್ದು ನಿಲ್ಲುವಂತಿರಲಿಲ್ಲ.

ಸರಹದ್ದಿನ ಆಚೆ ಇರಾನಿನ ಕಡೆ ಕುರಿಗಾರರ ಒಂದು ಸಿಹಿ ಬಾವಿ ಇದೆ. ಸರ್ಕಾರದ ನೌಕರ ಕಂಬ ದಾಟಬಾರದು. ಚಳಿಗಾಲದಲ್ಲಿ ಅದೇ ಕುರಿಗಾರರು ಮೇವಿಗೆಂದು ಈಚೆ ಬಂದಾಗ ಹೊಡೆದಟ್ಟಿದವರು ನಾವೇ. ಲೇವಿ ಸವಾರರ ಜಮಾದಾರನನ್ನು ಕರೆದುಕೊಂಡು ದಾಟಿದೆ. ಗುಡಾರದ ಮುಂದೆ ಒಬ್ಬ ಮುದುಕ ಕೂತಿದ್ದ. ನನ್ನ ಗುರುತು ಸಿಕ್ಕಿತು ಅವನಿಗೆ. ಜಮಾದಾರ ತುಂಬ ಹೊತ್ತು ಮಾತಾಡಿದ, ಮುದುಕ ಕೇಳುತ್ತಲೇ ಇದ್ದ. ಕೊನೆಗೆ ಒಂದೇ ಮಾತು ಕೇಳಿದನಂತೆ: ಈ ಮುನ್ಷಿ ನನ್ನ ಹೆಸರನ್ನು ಎಲ್ಲಿಯೂ ಬರೆಯುವುದಿಲ್ಲವೇ? ಇಲ್ಲವೆಂದು ಲಿಂಗ ಮುಟ್ಟಿ ಹೇಳಿದೆ. ಚೀಲ ತುಂಬಿಸಿ ಕೊಟ್ಟ. ಆಮೇಲೂ ದಿನ ಬಿಟ್ಟು ದಿನ ಕಳಿಸಿದ. ಹಾಗೆ ಉಳಿದೆವು.

ಮೊನ್ನೆ ಮೊದಲ ರೈಲು ಬಂತು. ಟಪಾಲಿನ ಜೊತೆ ಸುದ್ದಿಯೂ ಬಂತು. ಪೀರ್ ಪಾಷಾ ಇಳಿದಿದ್ದ ಛತ್ರ ದವಾಖಾನೆಯ ಹಿಂದೆಯೇ ಇತ್ತು, ಒಂದು ಗೋಡೆಯೂ ನಿಂತಿಲ್ಲವಂತೆ. ಅವನ ಜೇಬಿನಲ್ಲಿ ನನ್ನ ಹುಕುಂ ಸಿಕ್ಕಿದೆ.

ಸತ್ಯಮ್ಮಾ, ಗೌಹರಳಿಗೆ ಹೇಳಬೇಡ. ನನಗೆ ಬೇರೆ ದಾರಿ ಕಾಣುತ್ತಿಲ್ಲ. ಒಂದು ವರ್ಷದಿಂದ ಅವನ ಪತ್ರ ಬರೆದವನು ನಾನೇ. ಇನ್ನೂ ಸ್ವಲ್ಪ ದಿನ ಬರೆಯುತ್ತೇನೆ. ಒಂದನ್ನು ಇದರ ಜೊತೆಗೇ ಇಟ್ಟಿದ್ದೇನೆ, ಉರ್ದುವಿನಲ್ಲಿದೆ, ಅವಳ ಕೈಗೆ ಕೊಡು. ಈ ಸಲ ಯಾವ ಮಾತನ್ನೂ ಬಿಟ್ಟಿಲ್ಲ. ಅವನು ಏನೇನು ಹೇಳುತ್ತಿದ್ದನೋ ಅದೆಲ್ಲ ನೆನಪಿದೆ, ಅದೆಲ್ಲವನ್ನೂ ಬರೆದಿದ್ದೇನೆ. ಒಂದು ವರ್ಷ ಹೀಗೆ ಕಳೆಯಲಿ. ಆಮೇಲೆ ನೋಡೋಣ. ನಾನು ಆ ಬಾಗಿಲಿಗೆ ಬರಲಾರೆ. ಕಲ್ಯಾಣಕ್ಕೂ ಬರಲಾರೆ. ಇಲ್ಲೇ ಇರುತ್ತೇನೆ.

ಸಂಗಪ್ಪ


ಕಲ್ಯಾಣ
೧೩ ಆಗಸ್ಟ್ ೧೯೩೫

ಪೂಜ್ಯರಿಗೆ ಶರಣು.

ನೀವು ಬದುಕಿದ್ದೀರಿ. ಇಷ್ಟನ್ನು ಬರೆದು ಲೇಖನಿ ಕೆಳಗಿಟ್ಟು ಹಿತ್ತಲಿಗೆ ಹೋಗಿ ಬಂದೆ.

ಭಾವನವರು ನಿಮ್ಮ ಪತ್ರವನ್ನು ಕಣ್ಣಿಗೊತ್ತಿಕೊಂಡು ಅತ್ತರು. ಅವರ ಹೆಂಡತಿ, ನಮ್ಮ ಅಕ್ಕ ಅವರು, ಬಳೆಗಾರನನ್ನು ಕರೆಸಿ ಎರಡೂ ಕೈತುಂಬ ಹಸಿರು ಬಳೆ ಇಡಿಸಿದರು, ತಾಳಿ ಕಟ್ಟಿಸಿದರು. ಓಣಿಯವರೆಲ್ಲ ಬಂದು ಹೋದರು. ನನಗೂ ಸಂತೋಷವಾಯಿತು. ಸಂತೋಷವಾದದ್ದಕ್ಕೇ ನನಗೆ ಹೆದರಿಕೆಯಾಯಿತು.

ಎರಡು ದಿನದ ಮೇಲೆ ನಿಮ್ಮ ಮೇ ತಿಂಗಳ ಪತ್ರವೂ ಬಂತು. ಪೀರ್ ಅಣ್ಣ ಅದನ್ನು ನುಷ್ಕಿಯಲ್ಲೇ ಟಪಾಲಿಗೆ ಹಾಕಿದ್ದ, ಮುದ್ರೆ ಇದೆ, ಭೂಕಂಪದ ಗದ್ದಲದಲ್ಲಿ ದಾರಿಯಲ್ಲೇ ಉಳಿದಿತ್ತೇನೋ. ಅವ್ವನಿಗೆ ಮೈ ಸರಿಯಿಲ್ಲದಿದ್ದರೆ ಯಾರ ಮಾತನ್ನೂ ಕೇಳುತ್ತಿರಲಿಲ್ಲವೆಂದು ಅದರಲ್ಲಿ ಬರೆದಿದ್ದೀರಿ. ಹಾಗಾದರೆ ನಾನು ನಿಜ ಬರೆದಿದ್ದರೆ ನೀವೇ ಹೊರಡುತ್ತಿದ್ದಿರಿ. ನಾನು ಮುಚ್ಚಿಟ್ಟದ್ದರಿಂದ ನೀವು ಉಳಿದಿರಿ, ಅವನು ಹೋದ. ಇದನ್ನು ನಾನು ಯಾವ ಮೂಲೆಯಲ್ಲಿ ಇಟ್ಟುಕೊಳ್ಳಲಿ?

ಇಬ್ಬರೂ ಒಳ್ಳೆಯದಕ್ಕೆಂದೇ ಮುಚ್ಚಿಟ್ಟೆವು. ಇನ್ನು ಸಾಕು. ಗೌಹರ ಅಷ್ಟರೊಳಗೆ ತನ್ನ ಮನೆಗೆ ಮರಳಿದ್ದಳು, ನಾನು ಸವಾರಿ ಬಂಡಿ ಕಟ್ಟಿಸಿಕೊಂಡು ಹುಮನಾಬಾದಿಗೆ ಹೋದೆ. ರಾಜೇಶ್ವರದಲ್ಲಿ ಎತ್ತುಗಳಿಗೆ ನೀರು ಕುಡಿಸಲು ನಿಲ್ಲಿಸಿದಾಗ, ನೀವು ಅವನ ಹೆಸರಿನಲ್ಲಿ ಬರೆದು ಕಳಿಸಿದ ಪತ್ರವನ್ನು ಹರಿದು ನೀರಿನಲ್ಲಿ ಹಾಕಿದೆ. ಅದರಲ್ಲಿ ಏನಿತ್ತೋ ನನಗೆ ಗೊತ್ತಿಲ್ಲ. ನಿಮಗೆ ಸಿಟ್ಟು ಬಂದರೆ ಬರಲಿ.

ದಾರಿಯುದ್ದಕ್ಕೂ ಹೇಗೆ ಶುರು ಮಾಡಲಿ ಎಂದು ಯೋಚಿಸಿದೆ. ನಾನು ಹೇಳಬೇಕಾಗಲಿಲ್ಲ. ಪೀರ್ ಅಣ್ಣನ ತಾಯಿ ವಜೀರಬಿ ಅತ್ತೆ ಅಂಗಳದಲ್ಲಿ ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು. ಗೌಹರ ಓಡಿ ಬಂದು, "ಬಂದ್ಯೇನಕ್ಕಾ, ಛಲೋ ಆಯ್ತು, ನಾಕ್ ದಿನಾ ಇರು," ಎಂದು ನನ್ನ ಎರಡೂ ಕೈ ಹಿಡಿದಳು. ಹಿಡಿದವಳು ಕೆಳಗೆ ನೋಡಿದಳು. ಬರುವ ಮುಂಚೆ ತೆಗೆದಿಡಬೇಕೆಂದು ನನಗೆ ಹೊಳೆಯಲೇ ಇಲ್ಲ.

"ಕೈಯಾಗ ಬಳಿ ಅವ," ಎಂದಳು.

ನಾನು ಕೈಯನ್ನು ಸೆರಗಿನೊಳಗೆ ಎಳೆದುಕೊಳ್ಳಲು ಹೋದೆ.

"ಅಣ್ಣಾರು ಬಂದಾರೇನು?"

"ಬಂದಿಲ್ಲ. ಬದುಕ್ಯಾರ. ಠಾಣ್ಯಾಗ ಅದಾರ."

ಅವಳ ಮುಖ ಅರಳಿತು. ನಿಜವಾಗಿ ಅರಳಿತು, ನಾನು ನೋಡಿದೆ. "ಅಮ್ಮೀ, ಸಂಗಪ್ಪಣ್ಣ ಜಿಂದಾ ಅದಾರ ಅಂತ," ಎಂದು ಹಿಂದೆ ತಿರುಗಿ ಹೇಳಿದಳು. ಆಮೇಲೆ ಮೆಲ್ಲಗೆ ಕೇಳಿದಳು: "ಹಂಗಾದ್ರ ಕ್ವೆಟ್ಟಾದಾಗ ಸತ್ತವರು ಯಾರು?"

ವಜೀರಬಿ ಅತ್ತೆಯ ಕೈ ಬೀಜದ ಮೇಲೆಯೇ ನಿಂತಿತು. ಗೌಹರ ನನ್ನ ಕೈ ಬಿಡಲಿಲ್ಲ, ಇನ್ನೂ ಗಟ್ಟಿಯಾಗಿ ಹಿಡಿದಳು, ಒಂದು ಬಳೆ ಬಿರಿಯಿತು. ಆಮೇಲೆ ಕೂತಳು.

ಸಂಜೆಯವರೆಗೆ ಎಲ್ಲವನ್ನೂ ಹೇಳಿದೆ. ಕಣ್ಣಿನದು, ಹುಕುಮಿನದು, ನಾನು ಅತ್ತೆಯವರ ಬೇನೆ ಮುಚ್ಚಿಟ್ಟದ್ದು, ನೀವು ಪತ್ರದಲ್ಲಿ ಮಾತು ಬಿಟ್ಟದ್ದು. ನನ್ನನ್ನು ಬೈದು ಹೊರಗೆ ಹಾಕಿದ್ದರೆ ಸಮಾಧಾನವಾಗುತ್ತಿತ್ತು. ಅವಳು ಒಂದು ಕಡೆ ಮಾತ್ರ ತಡೆದಳು. "ಸಿಟ್ಟು ಇರಲಿಲ್ಲಲ್ಲ?" ಎಂದಳು. ಇರಲಿಲ್ಲವೆಂದೆ. ತಲೆಯಾಡಿಸಿದಳು.

ಹೊರಡುವಾಗ ವಜೀರಬಿ ಅತ್ತೆ ನನ್ನನ್ನು ಬಾಗಿಲ ಹತ್ತಿರ ನಿಲ್ಲಿಸಿದರು. ಅವರ ಮಾತು ನಿಮಗೆ ಮುಟ್ಟಿಸಬೇಕಂತೆ: "ನಿನ್ನ ಗಂಡಗ ಬರಿ. ನನ್ನ ಮಗ ಸಂಗಪ್ಪ ಅಂತ ಸತ್ತಾನ. ಸರ್ಕಾರದ ಲೆಕ್ಕದಾಗ ಪೀರ್ ಪಾಷಾ ಇನ್ನಾ ಅದಾನ, ಠಾಣ್ಯಾಗ ಕುಂತಾನ. ನಾ ಫಾತಿಹಾ ಯಾರ ಹೆಸರಲೆ ಓದಸ್ಲಿ? ಅಂವ ಹೋಗಿ ನನ್ನ ಮಗನ ಹೆಸರು ಬರಸ್ಲಿ. ಎಲ್ಲಿ ಮಣ್ಣ ಕೊಟ್ಟಾರ ನೋಡ್ಲಿ. ಆಮ್ಯಾಲ ಬಂದು ನಮಗ ಹೇಳ್ಲಿ."

ನಾನೂ ಅದನ್ನೇ ಹೇಳುತ್ತೇನೆ. ಅಲ್ಲೇ ಇರುತ್ತೇನೆಂದು ಬರೆದಿದ್ದೀರಿ. ಅದಕ್ಕಾಗಿ ಅಲ್ಲ ಅವನು ನಿಮ್ಮ ಜಾಗಕ್ಕೆ ಹೋದದ್ದು.

ಸತ್ಯಮ್ಮ


ಕ್ವೆಟ್ಟಾ
೫ ನವೆಂಬರ್ ೧೯೩೫

ಸತ್ಯಮ್ಮನಿಗೆ ಆಶೀರ್ವಾದಗಳು.

ನಿನ್ನ ಪತ್ರ ಸೆಪ್ಟೆಂಬರಿನಲ್ಲೇ ಬಂದಿತ್ತು. ಉತ್ತರ ಬರೆಯಲಿಲ್ಲ. ಮೊದಲು ಸಿಟ್ಟು ಬಂತು, ಆಮೇಲೆ ನಾಚಿಕೆ. ಬದಲಿ ಮುನ್ಷಿ ಬಂದ ಮೇಲೆ ಹೊರಟೆ.

ಈ ಊರಿನ ಮರಗಳು ಮಾತ್ರ ನಿಂತಿವೆ. ಬೀದಿಯ ಎರಡೂ ಕಡೆ ಸಾಲಾಗಿ ಮರ, ಹಿಂದೆ ಇಟ್ಟಿಗೆಯ ಗುಡ್ಡೆ. ಕಚೇರಿ ಡೇರೆಯಲ್ಲಿ ನಡೆಯುತ್ತಿದೆ. ಅಲ್ಲಿಯ ಹಿರಿಯ ಗುಮಾಸ್ತರಿಗೆ ಎಲ್ಲವನ್ನೂ ಹೇಳಿದೆ. ಅವರು ಒಳ್ಳೆಯವರು, ಬಾಗಿಲ ಪರದೆ ಇಳಿಸಿ ಮೆಲ್ಲಗೆ ಹೇಳಿದರು: ನೀನು ಠಾಣೆಯಲ್ಲಿ ಪೀರ್ ಪಾಷಾ ಎಂದು ಇದ್ದುಬಿಡು, ಯಾರು ನೋಡುತ್ತಾರೆ, ಕಾಗದ ತಿದ್ದಿದರೆ ವಿಚಾರಣೆಯಾಗುತ್ತದೆ, ಇನ್ನೊಬ್ಬನನ್ನು ನಿನ್ನ ಹುಕುಮಿನ ಮೇಲೆ ಕಳಿಸಿದ್ದಕ್ಕೆ ನೌಕರಿ ಹೋಗುತ್ತದೆ, ನಾಯಬ್ ಸಾಹೇಬರು ತಾವು ಹೇಳಿಯೇ ಇಲ್ಲ ಎನ್ನುತ್ತಾರೆ. ಹೋದರೆ ಹೋಗಲಿ, ಕಾಗದ ತಿದ್ದಿರಿ ಎಂದೆ. ಅವರು ಹೇಳಿದಂತೆಯೇ ಆಯಿತು. ನಾಯಬ್ ಸಾಹೇಬರು ನನ್ನ ಮುಖ ನೋಡದೆ ಇಲ್ಲವೆಂದರು. ನೌಕರಿ ಹೋಯಿತು. ಹೆಸರು ತಿದ್ದಿದರು. ಮುನ್ಷಿ ಪೀರ್ ಪಾಷಾ, ಊರು ಹುಮನಾಬಾದ್. ನನ್ನ ಎದುರಿಗೇ ಬರೆಸಿದೆ.

ಅವನಿಗೆ ಮಣ್ಣು ಕೊಟ್ಟ ಜಾಗ ಸಿಗಲಿಲ್ಲ. ಊರ ಹೊರಗೆ ಉದ್ದಕ್ಕೆ ಒಂದು ದಿಬ್ಬವಿದೆ, ಅಷ್ಟೂ ಜನರನ್ನು ಒಟ್ಟಿಗೆ ಹೂತಿದ್ದಾರೆ. ಕಾವಲಿನ ಮುದುಕನನ್ನು ಕೇಳಿದೆ. ಬಿಳಿ ಬಟ್ಟೆ ಕಣ್ಣಿಗೆ ಕಟ್ಟಿದ್ದ ಒಬ್ಬನನ್ನು ಛತ್ರದಿಂದ ತಂದದ್ದು ನೆನಪಿದೆ ಎಂದ. ನನ್ನನ್ನು ಸಮಾಧಾನ ಮಾಡಲು ಹೇಳಿದನೋ, ನಿಜವೋ ತಿಳಿಯದು. ಗೌಹರ ಕೇಳಿದರೆ ಎರಡನ್ನೂ ಹೇಳುತ್ತೇನೆ. ಅಲ್ಲಿಯ ಒಬ್ಬ ಮೌಲ್ವಿಯಿಂದ ಪೀರ್ ಪಾಷಾ ಎಂದು ಹೆಸರು ಹೇಳಿಸಿ ಫಾತಿಹಾ ಓದಿಸಿದೆ. ಅವರು ಓದುವವರೆಗೆ ನಿಂತಿದ್ದೆ. ಅವ್ವನ ನೆನಪಾಗಿ ಅಲ್ಲಿಯೇ ಕೂತೆ. ಅವಳಿಗಾಗಿ ಅತ್ತದ್ದು ಅದೇ ಮೊದಲು.

ಈ ಪತ್ರ ನಿನಗೆ ಮೊದಲು ಮುಟ್ಟಲೆಂದು ಎರಡು ವಾರ ಬಿಟ್ಟು ರೈಲು ಹತ್ತುತ್ತೇನೆ. ಗುಲ್ಬರ್ಗಾದಲ್ಲಿ ಇಳಿದು ಹುಮನಾಬಾದಿಗೆ ಬರುತ್ತೇನೆ, ಕಲ್ಯಾಣಕ್ಕೆ ಆಮೇಲೆ. ಈ ಪತ್ರ ಮುಟ್ಟಿದ ಕೂಡಲೇ ನೀನು ಅಲ್ಲಿಗೆ ಬಂದಿರು, ಸತ್ಯಮ್ಮ. ಮರಳುಗಾಡು ದಾಟಿ ಬಂದೆ. ಗೌಹರಳ ಬಾಗಿಲಲ್ಲಿ ಒಬ್ಬನೇ ನಿಲ್ಲುವ ಶಕ್ತಿ ನನಗಿಲ್ಲ.

ಸಂಗಪ್ಪ